ವಿಚಾರಣೆಗೆ ಮುನ್ನ ಆರೋಪಮುಕ್ತಿ: ಅಟ್ರಾಸಿಟಿ ಕೇಸಿನಲ್ಲಿ ಏನನ್ನು, ಯಾವಾಗ, ಹೇಗೆ ಕೇಳಬೇಕು

ಜಾತಿ ನಿಂದನೆ ಅಥವಾ ಜಾತಿ ದೌರ್ಜನ್ಯದ ಕೇಸಿನಲ್ಲಿ ಪೊಲೀಸರು ಚಾರ್ಜ್‌ಶೀಟ್ ಸಲ್ಲಿಸಿದ ಮೇಲೆ, ಮೊದಲ ಸಾಕ್ಷಿ ಕಟಕಟೆ ಏರುವುದಕ್ಕೆ ಮುಂಚೆ, ಆರೋಪಿಗೆ ಒಂದು ಅವಕಾಶವಿದೆ. ನನ್ನ ಮೇಲೆ ವಿಚಾರಣೆ ನಡೆಸುವಷ್ಟು ಆಧಾರವೇ ಈ ಕಾಗದಗಳಲ್ಲಿಲ್ಲ, ನನ್ನನ್ನು ಕೈಬಿಡಿ ಎಂದು ಅವನು ನ್ಯಾಯಾಲಯವನ್ನು ಕೇಳಬಹುದು. ಕೋರ್ಟಿನ ಆವರಣದಲ್ಲಿ ಎಲ್ಲರೂ ಡಿಸ್ಚಾರ್ಜ್ ಅರ್ಜಿ ಅನ್ನುವುದು ಇದಕ್ಕೇ. ಇದರ ಬಗ್ಗೆ ಎರಡೂ ಕಡೆಯವರಲ್ಲಿ ತಪ್ಪು ತಿಳಿವಳಿಕೆ ಬೇರೂರಿದೆ. ಆರೋಪಿಯ ಮನೆಯವರು ಇದನ್ನು ಬೇಗ ಖುಲಾಸೆಯಾಗುವ ಒಳದಾರಿ ಎಂದು ನಂಬಿ, ತಾವು ನಿರಪರಾಧಿಗಳೆಂದು ತೋರಿಸುವ ಕಾಗದಗಳನ್ನೆಲ್ಲ ಕಟ್ಟಿಕೊಂಡು ಬರುತ್ತಾರೆ. ದೂರು ಕೊಟ್ಟವರ ಮನೆಯವರು ಇದನ್ನು ಅಟ್ರಾಸಿಟಿ ಕಾಯ್ದೆಯನ್ನು ಹೂತುಹಾಕುವ ಹುನ್ನಾರ ಎಂದು ಹೆದರುತ್ತಾರೆ. ಆರೋಪಮುಕ್ತಿಯ ಹಂತದಲ್ಲಿ ನ್ಯಾಯಾಲಯ ಕೇಳುವುದು ಒಂದೇ ಪ್ರಶ್ನೆ: ಪ್ರಾಸಿಕ್ಯೂಷನ್ ತಾನೇ ತಂದಿಟ್ಟ ಕಾಗದಗಳನ್ನು ಸದ್ಯಕ್ಕೆ ನಿಜವೆಂದೇ ಇಟ್ಟುಕೊಂಡರೂ ಅಪರಾಧಕ್ಕೆ ಬೇಕಾದ ಅಂಶಗಳೆಲ್ಲ ಅವುಗಳಲ್ಲಿವೆಯೇ? ಈ ಪ್ರಶ್ನೆಗೆ ಅಂಟಿಕೊಂಡ ಅರ್ಜಿ ನ್ಯಾಯಕ್ಕೆ ನೆರವಾಗುತ್ತದೆ. ಇದನ್ನು ಬಿಟ್ಟು ಅಲೆದ ಅರ್ಜಿಯಿಂದ ಆರೋಪಿಗೂ ಸಂತ್ರಸ್ತರಿಗೂ ವರ್ಷಗಳು ವ್ಯರ್ಥವಾಗುತ್ತವೆ. ಪುಣೆಯ ಹಾಗೂ ಸುತ್ತಲಿನ ಪ್ರಕರಣಗಳು ಇದಕ್ಕೆ ಸಾಕಷ್ಟು ಪುರಾವೆ ಕೊಡುತ್ತವೆ. ಕೆಲಸಕ್ಕಾಗಿ, ಓದಿಗಾಗಿ ಆ ಊರಿಗೆ ಹೋಗಿ ನೆಲೆಸಿದ ಕನ್ನಡಿಗರು ದೂರುದಾರರಾಗಿಯೋ ಆರೋಪಿಗಳಾಗಿಯೋ ಅಲ್ಲಿನ ಶಿವಾಜಿನಗರದ ಜಿಲ್ಲಾ ನ್ಯಾಯಾಲಯದ ಮೆಟ್ಟಿಲು ಹತ್ತಬೇಕಾಗಿ ಬಂದರೆ ತಿಳಿದಿರಬೇಕಾದ ಕೆಲವು ಸಂಗತಿಗಳು ಬೇರೆಯೇ ಇವೆ.

ಮೊದಲು ಕಾನೂನಿನ ನೆಲೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಸೆಷನ್ಸ್ ಕೇಸುಗಳ ಆರೋಪಮುಕ್ತಿ 250ನೇ ಕಲಮಿನಲ್ಲಿದೆ, ಪೊಲೀಸ್ ವರದಿಯ ಮೇಲೆ ಮ್ಯಾಜಿಸ್ಟ್ರೇಟರು ನಡೆಸುವ ವಾರಂಟ್ ಕೇಸುಗಳದ್ದು 262ರಲ್ಲಿದೆ. ಅದಕ್ಕೂ ಮೊದಲೇ ವಿಚಾರಣೆಗೆ ಬಂದು ಉಳಿದ ಕೇಸುಗಳಿಗೆ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 227 ಮತ್ತು 239ನೇ ಕಲಮುಗಳೇ ಅನ್ವಯಿಸುತ್ತವೆ. ಅಟ್ರಾಸಿಟಿ ಕೇಸುಗಳು ಸೆಷನ್ಸ್ ದರ್ಜೆಯ ವಿಶೇಷ ನ್ಯಾಯಾಲಯದ ಮುಂದೆ ನಡೆಯುವುದರಿಂದ ನಮಗೆ ಮುಖ್ಯವಾದುದು 227, ಈಗಿನ 250. ಎಷ್ಟು ಆಧಾರವಿದ್ದರೆ ವಿಚಾರಣೆ ನಡೆಸಬೇಕು ಎಂಬುದಕ್ಕೆ ಸುಪ್ರೀಂ ಕೋರ್ಟು 1978ರ ಪ್ರಫುಲ್ಲ ಕುಮಾರ್ ಸಮಲ್ ತೀರ್ಪಿನಲ್ಲಿ ಹಾಕಿಕೊಟ್ಟ ಅಳತೆ ಇಂದಿಗೂ ನಡೆಯುತ್ತಿದೆ. ಕಾಗದಗಳಿಂದ ಬಲವಾದ ಅನುಮಾನ ಹುಟ್ಟಿ, ಅದಕ್ಕೆ ಸರಿಯಾದ ಸಮಾಧಾನ ಸಿಗದಿದ್ದರೆ ಆರೋಪ ನಿಗದಿ ಮಾಡಬೇಕು. ಎರಡು ಅಭಿಪ್ರಾಯಗಳಿಗೆ ಸಮಾನವಾಗಿ ಅವಕಾಶವಿದ್ದು, ಹುಟ್ಟುವುದು ಬರೀ ಅನುಮಾನ, ಬಲವಾದ ಅನುಮಾನವಲ್ಲ ಎಂದಾದರೆ ಆರೋಪಿಯನ್ನು ಕೈಬಿಡಬಹುದು. ನ್ಯಾಯಾಧೀಶರು ಬರೀ ಅಂಚೆಯವರಂತೆ ಕಾಗದ ದಾಟಿಸಬಾರದು, ಹಾಗೆಂದು ವಿಚಾರಣೆಯನ್ನೇ ಮುಗಿಸುವವರಂತೆ ಸಾಕ್ಷ್ಯ ತೂಗಲೂ ಬಾರದು. 2010ರ ಸಜ್ಜನ್ ಕುಮಾರ್ ತೀರ್ಪು ಇದೇ ತತ್ವಗಳನ್ನು ಒಂದೆಡೆ ಕಲೆಹಾಕಿತು. ಶಿಕ್ಷೆಗೆ ಬೇಕಾದ ಪುರಾವೆಯ ಮಟ್ಟ ಇಲ್ಲಿ ಬೇಡ. ಸಾಕ್ಷಿ ಸುಳ್ಳು ಹೇಳುತ್ತಿದ್ದಾನೆ ಎಂಬ ವಾದ ಇಲ್ಲಿ ನಡೆಯುವುದಿಲ್ಲ, ಅದರ ಜಾಗ ಪಾಟೀಸವಾಲು.

ಹೆಚ್ಚಿನ ಅರ್ಜಿಗಳು ಸೋಲುವುದು ಇಲ್ಲಿಯೇ. ಘಟನೆ ನಡೆದ ಹೊತ್ತಿಗೆ ನಾನು ಆ ಊರಲ್ಲೇ ಇರಲಿಲ್ಲ, ಇಗೋ ಟಿಕೆಟ್. ನಮ್ಮಿಬ್ಬರ ಮಾತುಕತೆಯ ವಾಟ್ಸ್ಆ್ಯಪ್ ಸಂದೇಶಗಳು ಬೇರೆಯೇ ಕಥೆ ಹೇಳುತ್ತವೆ. ಅಪಾರ್ಟ್‌ಮೆಂಟಿನ ಕ್ಯಾಮೆರಾದಲ್ಲಿ ಅಂಥದ್ದೇನೂ ಇಲ್ಲ: ಇವೆಲ್ಲ ನಿಜವೇ ಇರಬಹುದು. ಆದರೆ 2004ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ದೇಬೇಂದ್ರನಾಥ ಪಾಢಿ ಪ್ರಕರಣದಲ್ಲಿ ಆರೋಪ ನಿಗದಿಯ ಹಂತದಲ್ಲಿ ಆರೋಪಿ ತನ್ನ ಕಡೆಯ ದಾಖಲೆ ತಂದು ತೋರಿಸುವಂತಿಲ್ಲ ಎಂದು ಸ್ಪಷ್ಟವಾಗಿ ಹೇಳಿತು. ಅದಕ್ಕೆ ವಿರುದ್ಧವಾಗಿದ್ದ 1996ರ ಸತೀಶ್ ಮೆಹ್ರಾ ತೀರ್ಪನ್ನೂ ತಳ್ಳಿಹಾಕಿತು. ನ್ಯಾಯಾಲಯ ನೋಡುವುದು ಚಾರ್ಜ್‌ಶೀಟ್ ಮತ್ತು ಅದರ ಜೊತೆಗಿಟ್ಟ ಕಾಗದಗಳನ್ನು ಮಾತ್ರ. ಇದಕ್ಕೊಂದು ಕಿರಿದಾದ ವಿನಾಯಿತಿ ಕರ್ನಾಟಕದಿಂದ ಹೋದ ಪ್ರಕರಣದಲ್ಲೇ ಬಂತು. 2017ರ ಡಿಸೆಂಬರಿನಲ್ಲಿ ನಿತ್ಯ ಧರ್ಮಾನಂದ ಪ್ರಕರಣದ ತೀರ್ಪಿನಲ್ಲಿ, ತನಿಖೆಗಾರರ ಕೈಯಲ್ಲೇ ಇದ್ದು ಅವರು ಚಾರ್ಜ್‌ಶೀಟಿಗೆ ಸೇರಿಸದೆ ತಡೆಹಿಡಿದ, ಸಂಶಯಕ್ಕೆ ಎಡೆಯೇ ಇಲ್ಲದಷ್ಟು ಗಟ್ಟಿಯಾದ ಸಾಮಗ್ರಿಯನ್ನು ನ್ಯಾಯಾಲಯ ತರಿಸಿಕೊಂಡು ನೋಡಬಹುದು ಎಂದಾಯಿತು. ತನಿಖಾಧಿಕಾರಿ ಕ್ಯಾಮೆರಾದ ದೃಶ್ಯ ಜಪ್ತಿ ಮಾಡಿದ ಪಂಚನಾಮೆ ಇದೆ, ಆದರೆ ಆ ದೃಶ್ಯ ಮಾತ್ರ ಚಾರ್ಜ್‌ಶೀಟಿನಲ್ಲಿಲ್ಲ ಎಂಬಂಥ ಸಂದರ್ಭಕ್ಕೆ ಇದು ಹೊಂದುತ್ತದೆ. ಆರೋಪಿಯೇ ಮನೆಯಿಂದ ತಂದ ಪೆನ್‌ಡ್ರೈವಿಗೆ ಹೊಂದುವುದಿಲ್ಲ. ಆದ್ದರಿಂದ ಚಾರ್ಜ್‌ಶೀಟಿನ ನಕಲು ಕೈಗೆ ಬಂದೊಡನೆ ಮಾಡಬೇಕಾದ ಕೆಲಸ ಒಂದೇ. ಪ್ರತಿ ಪುಟವನ್ನೂ ಓದಿ, ದೂರು, ಸಾಕ್ಷಿಗಳ ಹೇಳಿಕೆ, ಸ್ಥಳ ಪಂಚನಾಮೆ, ಜಾತಿ ಪ್ರಮಾಣಪತ್ರ, ಮ್ಯಾಜಿಸ್ಟ್ರೇಟರ ಮುಂದೆ ಕೊಟ್ಟ ಹೇಳಿಕೆ ಇವುಗಳಲ್ಲಿ ಅಪರಾಧದ ಯಾವ ಅಂಶ ಇದೆ, ಯಾವುದು ಇಲ್ಲ ಎಂದು ಗುರುತು ಹಾಕಿಕೊಳ್ಳುವುದು. ಅರ್ಜಿಯ ಜೀವ ಇರುವುದು ಆ ಗುರುತುಗಳಲ್ಲಿ.

ಆ ಅಂಶಗಳು ಯಾವುವು? ಎಲ್ಲರೂ ಅಟ್ರಾಸಿಟಿ ಕಾಯ್ದೆ ಎನ್ನುವ ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡಗಳ (ದೌರ್ಜನ್ಯ ತಡೆ) ಕಾಯ್ದೆ 1989ರದು. 2015ರ ತಿದ್ದುಪಡಿ 2016ರ ಜನವರಿ 26ರಿಂದ ಜಾರಿಯಾದಾಗ ಅಪರಾಧಗಳ ಪಟ್ಟಿಯೂ ಕಲಮುಗಳ ಗುರುತೂ ಬದಲಾದವು. ಬೈಗುಳದ ಕೇಸುಗಳು ಹೆಚ್ಚಾಗಿ ದಾಖಲಾಗುವುದು 3(1)(ಆರ್) ಮತ್ತು 3(1)(ಎಸ್) ಅಡಿಯಲ್ಲಿ. ಮೊದಲನೆಯದು ಅವಮಾನಿಸುವ ಉದ್ದೇಶದಿಂದ ಬೇಕೆಂದೇ ಮಾಡಿದ ನಿಂದನೆ ಅಥವಾ ಬೆದರಿಕೆ, ಎರಡನೆಯದು ಜಾತಿ ಹೆಸರು ಹಿಡಿದು ಬೈಯುವುದು. ಎರಡಕ್ಕೂ ಅದು ಸಾರ್ವಜನಿಕರ ಕಣ್ಣಿಗೆ ಬೀಳುವ ಜಾಗದಲ್ಲಿ ನಡೆದಿರಬೇಕು. ಆರೋಪಿ ಪರಿಶಿಷ್ಟ ಜಾತಿ ಅಥವಾ ಪಂಗಡಕ್ಕೆ ಸೇರಿದವನಾಗಿರಬಾರದು, ದೂರುದಾರ ಸೇರಿದವನಾಗಿರಬೇಕು. ಸಾರ್ವಜನಿಕರ ಕಣ್ಣು ಎಂಬುದರ ಅರ್ಥವನ್ನು 2008ರ ಸ್ವರಣ್ ಸಿಂಗ್ ತೀರ್ಪು ಬಿಡಿಸಿಟ್ಟಿದೆ. ಖಾಸಗಿ ಜಾಗವಾದರೂ, ರಸ್ತೆಯಿಂದ ಕಾಣುವ ಅಂಗಳದಲ್ಲಿ ಬೈದರೆ ಅಪರಾಧವಾಗುತ್ತದೆ. ಕಟ್ಟಡದ ಒಳಗಾದರೂ, ಬರೀ ನೆಂಟರು ಸ್ನೇಹಿತರಲ್ಲದ ಹೊರಗಿನವರು ಅಲ್ಲಿದ್ದರೆ ಆಗಬಹುದು. 2020ರ ನವೆಂಬರಿನ ಹಿತೇಶ್ ವರ್ಮಾ ಪ್ರಕರಣದಲ್ಲಿ ಮಾತು ನಡೆದದ್ದು ಮನೆಯ ನಾಲ್ಕು ಗೋಡೆಗಳ ನಡುವೆ, ಹೊರಗಿನವರು ಯಾರೂ ಅಲ್ಲಿರಲಿಲ್ಲ, ಹಿನ್ನೆಲೆಯಲ್ಲಿ ಜಮೀನಿನ ವ್ಯಾಜ್ಯವಿತ್ತು. ಚಾರ್ಜ್‌ಶೀಟಿನ ಅಟ್ರಾಸಿಟಿ ಭಾಗ ರದ್ದಾಯಿತು, ಉಳಿದ ಕಲಮುಗಳು ಉಳಿದವು. 2025ರ ಜನವರಿ 31ರ ಕರುಪ್ಪುಡಯಾರ್ ತೀರ್ಪಿನಲ್ಲಿ ಸರ್ಕಾರಿ ಕಚೇರಿಯ ಕೋಣೆಯೊಳಗೆ ನಡೆದ ಮಾತಿಗೂ ಇದೇ ತತ್ವ ಹಚ್ಚಲಾಯಿತು. ಹೀಗಾಗಿ ಹೇಳಿಕೆಗಳನ್ನು ಓದುವಾಗ ಕೇಳಿಕೊಳ್ಳಬೇಕಾದದ್ದು: ಎಲ್ಲಿ ನಡೆಯಿತು, ಯಾರು ಕೇಳಿದರು, ಕೇಳಿದವರ ಹೇಳಿಕೆ ಇದೆಯೇ, ಯಾವ ಮಾತು ಆಡಿದರೆಂದು ಯಾರಾದರೂ ಹೇಳಿದ್ದಾರೆಯೇ. ಈ ನಾಲ್ಕಕ್ಕೂ ಕಾಗದದಲ್ಲಿ ಉತ್ತರವಿದ್ದರೆ ಈ ಅಂಶದ ಮೇಲೆ ಆರೋಪಮುಕ್ತಿ ಕೇಳುವುದು ವ್ಯರ್ಥ. ಸಾಕ್ಷಿ ದೂರುದಾರನ ಗೆಳೆಯನೋ ಅಲ್ಲವೋ ಎಂಬುದೇ ವಿವಾದವಾದರೆ ಅದು ಸಾಮಾನ್ಯವಾಗಿ ವಿಚಾರಣೆಯಲ್ಲೇ ತೀರ್ಮಾನವಾಗುವ ಸಂಗತಿ.

ಹಳೆಯ ತೀರ್ಪುಗಳನ್ನು ಕಣ್ಣುಮುಚ್ಚಿ ಉಲ್ಲೇಖಿಸುವವರಿಗೆ ಇನ್ನೊಂದು ಎಚ್ಚರಿಕೆ ಬೇಕು. ಹತ್ತು ವರ್ಷ ಅಥವಾ ಅದಕ್ಕೂ ಹೆಚ್ಚಿನ ಶಿಕ್ಷೆಯ ಅಪರಾಧಗಳಿಗೆ ಅನ್ವಯಿಸುವ 3(2)(v)ನೇ ಕಲಮಿನಲ್ಲಿ, 2016ಕ್ಕೆ ಮೊದಲು, ಬಲಿಯಾದ ವ್ಯಕ್ತಿ ಪರಿಶಿಷ್ಟ ಜಾತಿಗೆ ಸೇರಿದ ಕಾರಣಕ್ಕೇ ಅಪರಾಧ ನಡೆಯಿತೆಂದು ತೋರಿಸಬೇಕಿತ್ತು. ತಿದ್ದುಪಡಿಯ ನಂತರ ಆ ವ್ಯಕ್ತಿಯ ಜಾತಿ ಗೊತ್ತಿದ್ದು ಅಪರಾಧ ಮಾಡಿದರೆ ಸಾಕು. ಜೊತೆಗೆ 8ನೇ ಕಲಮಿನ ಪ್ರಕಾರ, ಆರೋಪಿಗೆ ಸಂತ್ರಸ್ತರ ಅಥವಾ ಅವರ ಕುಟುಂಬದ ಪರಿಚಯವಿತ್ತೆಂದಾದರೆ ಜಾತಿ ಗೊತ್ತಿತ್ತು ಎಂದೇ ನ್ಯಾಯಾಲಯ ಭಾವಿಸಬೇಕು. ಇಲ್ಲವೆಂದು ತೋರಿಸುವ ಹೊಣೆ ಆರೋಪಿಯದು, ಆ ಹೊಣೆ ತೀರಿಸುವ ಜಾಗ ವಿಚಾರಣೆ. 2021ರ ಏಪ್ರಿಲಿನ ಪಾಟನ್ ಜಮಾಲ್ ವಲಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಈ ಬದಲಾವಣೆಯನ್ನು ಗುರುತಿಸಿತು. ಜಾತಿ, ಲಿಂಗ, ಅಂಗವೈಕಲ್ಯ ಒಂದರ ಮೇಲೊಂದು ಹೇರಿಕೊಂಡಾಗ ದೌರ್ಜನ್ಯ ಹೇಗೆ ಬೇರೆಯೇ ಆಗುತ್ತದೆಂದೂ ಅದೇ ತೀರ್ಪು ವಿವರಿಸಿತು. ಆದ್ದರಿಂದ ಮೊದಲು ನೋಡಬೇಕಾದುದು ಘಟನೆಯ ದಿನಾಂಕ. 2016ರ ಜನವರಿ 26ಕ್ಕೆ ಮೊದಲಿನ ಘಟನೆಗೆ ಹಳೆಯ ಅಳತೆ, ನಂತರದ್ದಕ್ಕೆ ಹೊಸದು. ಇನ್ನು, ತನಿಖೆ ನಡೆಸಿದ ಅಧಿಕಾರಿಯ ದರ್ಜೆ. ಈ ಕಾಯ್ದೆಯಡಿ ಮಾಡಿದ 1995ರ ನಿಯಮಗಳ 7ನೇ ನಿಯಮ ಡಿವೈಎಸ್‌ಪಿ ದರ್ಜೆಗೆ ಕಡಿಮೆ ಇಲ್ಲದ ಅಧಿಕಾರಿ ತನಿಖೆ ಮಾಡಬೇಕೆನ್ನುತ್ತದೆ, ಪುಣೆ ನಗರದಂಥ ಕಮಿಷನರೇಟಿನಲ್ಲಿ ಅದು ಸಹಾಯಕ ಪೊಲೀಸ್ ಆಯುಕ್ತರು. ಕೆಳ ದರ್ಜೆಯವರು ನಡೆಸಿದ ತನಿಖೆಯಿಂದ ಅಟ್ರಾಸಿಟಿ ಭಾಗ ಕುಸಿದರೂ ಭಾರತೀಯ ದಂಡ ಸಂಹಿತೆಯ ಭಾಗ ಮುಂದುವರಿಯಬಹುದು ಎಂದು 2009ರ ಚುನ್ನೀಲಾಲ್ ತೀರ್ಪು ಹೇಳಿದೆ. ಆದರೆ ಕಾಯ್ದೆಯ 9ನೇ ಕಲಮಿನಡಿ ರಾಜ್ಯ ಸರ್ಕಾರ ಬೇರೆ ಅಧಿಕಾರಿಗಳಿಗೂ ಅಧಿಕಾರ ಕೊಟ್ಟಿರಬಹುದು. ಆ ಅಧಿಸೂಚನೆ ಇದೆಯೇ ಎಂದು ನೋಡಿಕೊಳ್ಳದೆ ಈ ಅಂಶ ಎತ್ತಬಾರದು.

ಮಹಾರಾಷ್ಟ್ರದಲ್ಲಿ ನೆಲೆಸಿದ ಕನ್ನಡಿಗರಿಗೆ ಎಲ್ಲಕ್ಕಿಂತ ಹತ್ತಿರದ ಸಂಗತಿ ಜಾತಿ ಪ್ರಮಾಣಪತ್ರದ್ದು. ಪರಿಶಿಷ್ಟ ಜಾತಿಗಳ ಪಟ್ಟಿ ರಾಜ್ಯದಿಂದ ರಾಜ್ಯಕ್ಕೆ ಬೇರೆ. ಲಂಬಾಣಿಗರು ಮತ್ತು ಭೋವಿ ಅಥವಾ ವಡ್ಡರು ಕರ್ನಾಟಕದಲ್ಲಿ ಪರಿಶಿಷ್ಟ ಜಾತಿಯವರು. ಮಹಾರಾಷ್ಟ್ರದಲ್ಲಿ ಬಂಜಾರರೂ ವಡಾರರೂ ವಿಮುಕ್ತ ಜಾತಿಗಳ ಪಟ್ಟಿಯಲ್ಲಿದ್ದಾರೆಯೇ ಹೊರತು ಪರಿಶಿಷ್ಟ ಜಾತಿಯಲ್ಲಿಲ್ಲ. ಉತ್ತರ ಕರ್ನಾಟಕದ ತಾಂಡಾ, ಕೇರಿಗಳಿಂದ ಪುಣೆಯ ಕಟ್ಟಡ ಕೆಲಸಕ್ಕೆ ಹೋದ ಒಬ್ಬ ಲಂಬಾಣಿ ಹೆಂಗಸನ್ನು ಅಲ್ಲಿ ಯಾರಾದರೂ ಜಾತಿ ಹಿಡಿದು ಬೈದು ಹೊಡೆದರು ಎಂದಿಟ್ಟುಕೊಳ್ಳಿ. ಈಕೆಯ ಪ್ರಮಾಣಪತ್ರ ಕರ್ನಾಟಕದ್ದು, ಇಲ್ಲಿ ಈಕೆ ಪರಿಶಿಷ್ಟ ಜಾತಿಯವಳೇ ಅಲ್ಲ, ಆದ್ದರಿಂದ ನಮ್ಮನ್ನು ಕೈಬಿಡಿ ಎಂದು ಆರೋಪಿ ಕೇಳಬಹುದೇ? ಮೀಸಲಾತಿಯ ವಿಷಯದಲ್ಲಿ ಒಂದು ರಾಜ್ಯದ ಸ್ಥಾನಮಾನ ಇನ್ನೊಂದಕ್ಕೆ ಹೋಗುವುದಿಲ್ಲ ಎಂದು 1990ರ ಮರ್ರಿ ಚಂದ್ರಶೇಖರ ರಾವ್ ತೀರ್ಪಿನಿಂದ ಇತ್ತ ಸುಪ್ರೀಂ ಕೋರ್ಟು ಹೇಳುತ್ತ ಬಂದಿದೆ. ಅದನ್ನೇ ಹಿಡಿದುಕೊಂಡು ಈ ವಾದ ಹುಟ್ಟಿತ್ತು. 2023ರಲ್ಲಿ ಬಾಂಬೆ ಹೈಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೂರ್ಣಪೀಠ ಸಂಜಯ ಕಾಟಕರ್ ಪ್ರಕರಣದಲ್ಲಿ ಇದನ್ನು ತಳ್ಳಿಹಾಕಿತು. ತನ್ನ ರಾಜ್ಯದಲ್ಲಿ ಪರಿಶಿಷ್ಟ ಜಾತಿ ಅಥವಾ ಪಂಗಡಕ್ಕೆ ಸೇರಿದ ವ್ಯಕ್ತಿಗೆ ಅಟ್ರಾಸಿಟಿ ಕಾಯ್ದೆಯ ರಕ್ಷಣೆ ದೇಶದ ಯಾವ ಭಾಗದಲ್ಲಿ ದೌರ್ಜನ್ಯ ನಡೆದರೂ ಇದೆ, ಆ ಭಾಗದ ಪಟ್ಟಿಯಲ್ಲಿ ಆ ಜಾತಿ ಇಲ್ಲದಿದ್ದರೂ ಇದೆ. ಇದು ಮನುಷ್ಯನ ಅನುಭವಕ್ಕೆ ಹತ್ತಿರವಾದ ತೀರ್ಪು. ಅವಮಾನ ರಾಜ್ಯದ ಗಡಿಯಲ್ಲಿ ನಿಲ್ಲುವುದಿಲ್ಲ, ಕೂಲಿಗೆ ಊರು ಬಿಟ್ಟವರನ್ನು ಅದು ಊರಾಚೆಗೂ ಹಿಂಬಾಲಿಸುತ್ತದೆ. ದೂರುದಾರರು ತಮ್ಮ ಕರ್ನಾಟಕದ ಪ್ರಮಾಣಪತ್ರವನ್ನು ತನಿಖೆಯ ಹಂತದಲ್ಲೇ ಪೊಲೀಸರಿಗೆ ಕೊಟ್ಟು, ಅದು ಚಾರ್ಜ್‌ಶೀಟಿಗೆ ಸೇರಿದೆಯೇ ಎಂದು ಖಚಿತಪಡಿಸಿಕೊಳ್ಳಬೇಕು. ಪ್ರಮಾಣಪತ್ರವೇ ಕಾಗದದಲ್ಲಿಲ್ಲದ ಕೇಸಿನಲ್ಲಿ ಆರೋಪಿಯ ಅರ್ಜಿಗೆ ವೃಥಾ ಬಲ ಬರುತ್ತದೆ.

ಭಾಷೆಯದು ಇನ್ನೊಂದು ತೊಡಕು. ಪುಣೆಯ ಚಾರ್ಜ್‌ಶೀಟು ಸಾಮಾನ್ಯವಾಗಿ ಮರಾಠಿಯಲ್ಲಿರುತ್ತದೆ. ಮರಾಠಿ ಓದಲು ಬಾರದ ಕನ್ನಡಿಗ ಆರೋಪಿ ಅದು ತನಗೆ ಅರ್ಥವಾಗದ ಭಾಷೆಯಲ್ಲಿದೆ ಎಂಬ ಒಂದೇ ಕಾರಣಕ್ಕೆ ಅದನ್ನು ಅಕ್ರಮ ಎನ್ನುವಂತಿಲ್ಲ, ಹಾಗೆಂದು 2023ರ ಆಗಸ್ಟಿನ ನರೋತ್ತಮ್ ಧಾಕಡ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಆದರೆ ಆರೋಪಿಗೂ ಅವನ ವಕೀಲರಿಗೂ ಆ ಭಾಷೆ ತಿಳಿಯದಿದ್ದರೆ ಅನುವಾದ ಕೊಡಿಸುವಂತೆ ನ್ಯಾಯಾಲಯವನ್ನು ಕೇಳಬಹುದೆಂದೂ ಅದೇ ತೀರ್ಪಿನಲ್ಲಿದೆ. ಮರಾಠಿ ಬಲ್ಲ ವಕೀಲರನ್ನು ಹಿಡಿದರೆ ಈ ದಾರಿ ಬೇಕಾಗುವುದಿಲ್ಲ. ಆಗ ಅವರಿಂದ ಹೇಳಿಕೆಗಳನ್ನು ಸಾಲುಸಾಲಾಗಿ ಓದಿಸಿಕೊಂಡು ಅರ್ಥಮಾಡಿಕೊಳ್ಳುವುದು ನಿಮ್ಮ ಹೊಣೆ. ಬೈಗುಳದ ಕೇಸಿನಲ್ಲಿ ಆಡಿದ ಮಾತು ಯಾವ ಭಾಷೆಯದು, ಕೇಳಿದ ಸಾಕ್ಷಿಗೆ ಅದು ಅರ್ಥವಾಗಿತ್ತೇ ಎಂಬುದೂ ಒಮ್ಮೊಮ್ಮೆ ಮುಖ್ಯವಾಗುತ್ತದೆ.

ಸುಳ್ಳು ಕೇಸುಗಳೇ ಹೆಚ್ಚು, ಆದ್ದರಿಂದ ಆರೋಪಮುಕ್ತಿ ಸಲೀಸಾಗಬೇಕು ಎಂಬ ಮಾತು ಆಗಾಗ ಕೇಳಿಬರುತ್ತದೆ. ಈ ವಾದ ಸುಪ್ರೀಂ ಕೋರ್ಟಿನವರೆಗೆ ಹೋದದ್ದು ಪುಣೆಯ ನೆರೆಯ ಸಾತಾರಾ ಜಿಲ್ಲೆಯ ಕರಾಡದಿಂದ. ಅಲ್ಲಿನ ಸರ್ಕಾರಿ ಫಾರ್ಮಸಿ ಕಾಲೇಜಿನ ನೌಕರರೊಬ್ಬರ ವಾರ್ಷಿಕ ಗೌಪ್ಯ ವರದಿಯಲ್ಲಿ ಮೇಲಧಿಕಾರಿಗಳು ಪ್ರತಿಕೂಲ ಷರಾ ಬರೆದರು. ಅಟ್ರಾಸಿಟಿ ಕೇಸಾಯಿತು. ಆ ಅಧಿಕಾರಿಗಳ ಮೇಲೆ ಮೊಕದ್ದಮೆ ಹೂಡಲು ಅನುಮತಿ ನಿರಾಕರಿಸಿದ್ದಕ್ಕೆ ತಾಂತ್ರಿಕ ಶಿಕ್ಷಣದ ನಿರ್ದೇಶಕ ಸುಭಾಷ್ ಕಾಶಿನಾಥ್ ಮಹಾಜನ್ ಅವರ ಮೇಲೂ ಇನ್ನೊಂದು ಕೇಸು ಬಿತ್ತು. 2018ರ ಮಾರ್ಚ್ 20ರಂದು ಸುಪ್ರೀಂ ಕೋರ್ಟು ಅವರ ಮೇಲಿನ ಕೇಸನ್ನು ರದ್ದುಮಾಡಿತು. ಅಷ್ಟಕ್ಕೇ ನಿಲ್ಲದೆ ಎಫ್‌ಐಆರ್‌ಗೆ ಮುಂಚೆ ಪ್ರಾಥಮಿಕ ವಿಚಾರಣೆ, ಬಂಧನಕ್ಕೆ ಮುಂಚೆ ಅನುಮತಿ ಎಂಬ ಸಾಮಾನ್ಯ ನಿರ್ದೇಶನಗಳನ್ನೂ ಕೊಟ್ಟಿತು. ಇದನ್ನು ವಿರೋಧಿಸಿ ಏಪ್ರಿಲ್ 2ರಂದು ಭಾರತ ಬಂದ್ ನಡೆಯಿತು, ಆಗಸ್ಟಿನಲ್ಲಿ ಸಂಸತ್ತು 18ಎ ಕಲಮು ಸೇರಿಸಿ ಆ ನಿರ್ದೇಶನಗಳನ್ನು ತೊಡೆಯಿತು. 2019ರ ಅಕ್ಟೋಬರ್ 1ರಂದು ಮರುಪರಿಶೀಲನೆಯಲ್ಲಿ ಸುಪ್ರೀಂ ಕೋರ್ಟೇ ಅವುಗಳನ್ನು ಹಿಂದಕ್ಕೆ ಪಡೆಯಿತು, 2020ರ ಫೆಬ್ರವರಿ 10ರಂದು 18ಎಯನ್ನು ಎತ್ತಿಹಿಡಿಯಿತು. ಸುಳ್ಳು ದೂರು ಕೊಡುವ ದೌರ್ಬಲ್ಯ ಮನುಷ್ಯರದ್ದು, ಒಂದು ಜಾತಿಯದ್ದಲ್ಲ ಎಂದು ಮರುಪರಿಶೀಲನೆಯ ತೀರ್ಪು ಹೇಳಿದ್ದು ಸರಿ. ಇಡೀ ಸಮುದಾಯದ ದೂರುಗಳನ್ನು ಅನುಮಾನದಿಂದ ನೋಡುವ ನಿಯಮ ಮಾಡಿದರೆ, ಠಾಣೆಯ ಮೆಟ್ಟಿಲು ಹತ್ತಲು ಈಗಾಗಲೇ ಹೆದರುವವರು ಹಿಂದೆಯೇ ಉಳಿಯುತ್ತಾರೆ. ಹಾಗೆಂದು ಅಂಶವೇ ಇಲ್ಲದ ಕೇಸಿನಲ್ಲಿ ಯಾರನ್ನಾದರೂ ವರ್ಷಗಟ್ಟಲೆ ಕೋರ್ಟಿಗೆ ಎಳೆದಾಡುವುದೂ ನ್ಯಾಯವಲ್ಲ. ಕಚೇರಿಯ ಷರಾದ ಕೇಸಿಗೆ ಬೇಕಾದ ಪರಿಹಾರ ಆ ಕೇಸಿನ ಕಾಗದ ನೋಡಿ ಕೊಡುವ ಆದೇಶ. ಆರೋಪಮುಕ್ತಿಯ ಕಲಮು ಇರುವುದೇ ಅದಕ್ಕೆ, ಅದು ಎಲ್ಲ ದೂರುದಾರರ ಮೇಲೂ ಅನುಮಾನ ಹೊರಿಸುವುದಿಲ್ಲ.

ಎದುರು ಕಡೆಯ ಆಕ್ಷೇಪ, ಆರೋಪಮುಕ್ತಿಯಿಂದ ಕಾಯ್ದೆ ಸವೆಯುತ್ತದೆ ಎಂಬುದು. ಸಂತ್ರಸ್ತರ ಬೆನ್ನ ಹಿಂದೆ ನಡೆದರೆ ಖಂಡಿತ ಸವೆಯುತ್ತದೆ. ಅದಕ್ಕೇ 2015ರ ತಿದ್ದುಪಡಿ 15ಎ ಕಲಮನ್ನು ತಂದಿತು. ಅದರ 3ನೇ ಉಪಕಲಮಿನ ಪ್ರಕಾರ ಪ್ರತಿಯೊಂದು ಕಲಾಪದ ಸೂಚನೆ ಸಂತ್ರಸ್ತರಿಗೆ ಸಕಾಲದಲ್ಲಿ ಹೋಗಬೇಕು. 5ನೇ ಉಪಕಲಮಿನ ಪ್ರಕಾರ ಜಾಮೀನು, ಆರೋಪಮುಕ್ತಿ, ಬಿಡುಗಡೆ, ಶಿಕ್ಷೆ ಎಲ್ಲದರಲ್ಲೂ ಅವರ ಮಾತು ಕೇಳಬೇಕು. ಆರೋಪಮುಕ್ತಿಯನ್ನು ಕಲಮು ಹೆಸರಿಟ್ಟೇ ಹೇಳಿದೆ. 2021ರ ಅಕ್ಟೋಬರಿನ ಹರಿರಾಮ್ ಭಾಂಭಿ ತೀರ್ಪು ಈ ಎರಡೂ ಕಡ್ಡಾಯ ಎಂದಿತು. 10ನೇ ಉಪಕಲಮು ಕಲಾಪಗಳ ವಿಡಿಯೊ ದಾಖಲೆಯನ್ನೂ ಕೇಳುತ್ತದೆ. ಆರೋಪಿಯ ವಕೀಲರು ಅರ್ಜಿಯ ಪ್ರತಿಯನ್ನು ಸಂತ್ರಸ್ತರಿಗೆ ತಲುಪಿಸಿ, ತಲುಪಿದ್ದಕ್ಕೆ ದಾಖಲೆ ಇಟ್ಟುಕೊಳ್ಳಬೇಕು. ಅದಿಲ್ಲದೆ ಪಡೆದ ಆದೇಶ ಹೈಕೋರ್ಟಿನಲ್ಲಿ ಬಿದ್ದರೆ ಆರೋಪಿ ಮತ್ತೆ ಶುರುವಿಗೆ ಬಂದು ನಿಲ್ಲುತ್ತಾನೆ. ಸಂತ್ರಸ್ತರು ಸರ್ಕಾರಿ ಅಭಿಯೋಜಕರ ಮೇಲಷ್ಟೇ ಭಾರ ಹಾಕದೆ, ಆರೋಪಿ ಎತ್ತಿದ ಪ್ರತಿ ಕೊರತೆಗೂ ಯಾವ ಪುಟದ ಯಾವ ಹೇಳಿಕೆ ಉತ್ತರವಾಗಿದೆ ಎಂದು ಬರೆದು ಸಲ್ಲಿಸುವುದು ಒಳ್ಳೆಯದು. ತಮಗೆ ಬೇಕಾದ ಅನುಭವಿ ವಕೀಲರನ್ನು ನೇಮಿಸುವಂತೆ ಜಿಲ್ಲಾಧಿಕಾರಿಯನ್ನು ಕೇಳಲು 1995ರ ನಿಯಮಗಳ 4ನೇ ನಿಯಮದಲ್ಲಿ ಅವಕಾಶವಿದೆ.

ಈಗ ಕಾಲದ ಮಾತು. ಇದರ ಬಗ್ಗೆ ಪುಣೆ ಕಲಿಸುವ ಪಾಠ ಕಠೋರವಾದದ್ದು. 2017ರ ಡಿಸೆಂಬರ್ 31ರಂದು ಶನಿವಾರವಾಡೆಯಲ್ಲಿ ಎಲ್ಗಾರ್ ಪರಿಷತ್ತಿನ ಸಭೆ ನಡೆಯಿತು. ಮರುದಿನ ಭೀಮಾ ಕೋರೆಗಾಂವದಲ್ಲಿ ದಲಿತರು 1818ರ ಯುದ್ಧದ ಇನ್ನೂರನೇ ವರ್ಷ ನೆನೆಯಲು ಸೇರಿದಾಗ ಹಿಂಸಾಚಾರ ನಡೆಯಿತು. ದಲಿತರ ಮೇಲಿನ ದಾಳಿಯ ಬಗ್ಗೆ ಜನವರಿ 2ರಂದು ಪಿಂಪ್ರಿಯಲ್ಲಿ ಅಟ್ರಾಸಿಟಿ ಕಲಮುಗಳ ಎಫ್‌ಐಆರ್ ದಾಖಲಾಗಿ ಶಿಕ್ರಾಪುರ ಠಾಣೆಗೆ ಹೋಯಿತು. ಎಲ್ಗಾರ್ ಸಭೆಯ ಬಗ್ಗೆ ಜನವರಿ 8ರಂದು ಪುಣೆಯ ವಿಶ್ರಾಮಬಾಗ್ ಠಾಣೆಯಲ್ಲಿ ಬೇರೆ ಕೇಸಾಯಿತು, ಅದು ಕಾನೂನುಬಾಹಿರ ಚಟುವಟಿಕೆ ತಡೆ ಕಾಯ್ದೆಯ (ಯುಎಪಿಎ) ಕೇಸಾಗಿ ಬೆಳೆದು 2020ರ ಜನವರಿಯಲ್ಲಿ ರಾಷ್ಟ್ರೀಯ ತನಿಖಾ ಸಂಸ್ಥೆಗೆ (ಎನ್ಐಎ) ಹೋಯಿತು. 16 ಮಂದಿಯ ಬಂಧನವಾಯಿತು. ಅವರಲ್ಲೊಬ್ಬರಾದ ಸ್ಟ್ಯಾನ್ ಸ್ವಾಮಿ 2021ರ ಜುಲೈ 5ರಂದು ತೀರಿಕೊಂಡಾಗ ಆರೋಪ ನಿಗದಿಯೇ ಆಗಿರಲಿಲ್ಲ. ಆರೋಪಮುಕ್ತಿ ಅರ್ಜಿಗಳು ಬಾಕಿ ಇದ್ದಾಗ, 2022ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ಮೂರು ತಿಂಗಳಲ್ಲಿ ಆರೋಪ ನಿಗದಿಯ ತೀರ್ಮಾನ ಮಾಡಿ, ಆ ಅರ್ಜಿಗಳನ್ನೂ ಜೊತೆಗೇ ಇತ್ಯರ್ಥಪಡಿಸಿ ಎಂದು ವಿಶೇಷ ನ್ಯಾಯಾಲಯಕ್ಕೆ ಹೇಳಿತು. 2018ರ ಜೂನ್ 6ರಂದು ಬಂಧಿತರಾದ ರೋನಾ ವಿಲ್ಸನ್ ಮತ್ತು ಸುಧೀರ್ ಧವಳೆ ಅವರಿಗೆ ಬಾಂಬೆ ಹೈಕೋರ್ಟು 2025ರ ಜನವರಿ 8ರಂದು ಜಾಮೀನು ಕೊಟ್ಟಾಗಲೂ ಆರೋಪ ನಿಗದಿಯಾಗಿರಲಿಲ್ಲ, ಪಟ್ಟಿಯಲ್ಲಿದ್ದ ಸಾಕ್ಷಿಗಳು 300ಕ್ಕೂ ಹೆಚ್ಚು. ಇದು ಅಟ್ರಾಸಿಟಿ ಕೇಸಲ್ಲ, ಆದರೆ ಹುಟ್ಟಿದ್ದು ಜಾತಿ ಸಂಘರ್ಷದ ನೆಲದಲ್ಲಿ, ಆರೋಪಮುಕ್ತಿಯ ಅಳತೆಗೋಲೂ ಅದೇ. ಆರೂವರೆ ವರ್ಷ ಕಂಬಿ ಎಣಿಸಿದವರಿಗೆ ಆರೋಪ ಏನೆಂದು ನ್ಯಾಯಾಲಯ ಬರೆದುಕೊಡಲಿಲ್ಲ ಎಂಬುದು ನಮ್ಮ ವ್ಯವಸ್ಥೆಗೆ ತಲೆತಗ್ಗಿಸುವ ಸಂಗತಿ. ಕಾಗದದ ಮೇಲಿನ ಒಂದು ಪ್ರಶ್ನೆಗೆ ಉತ್ತರಿಸಲು ವರ್ಷಗಳು ಬೇಕಾದರೆ ಆ ಪ್ರಶ್ನೆ ಕೇಳುವ ಹಕ್ಕಿಗೆ ಅರ್ಥವೇ ಉಳಿಯುವುದಿಲ್ಲ.

ಹೊಸ ಸಂಹಿತೆ ಇದಕ್ಕೆ ಗಡುವು ಹಾಕಿದೆ. 250ನೇ ಕಲಮಿನಡಿ ಕೇಸು ಸೆಷನ್ಸ್ ನ್ಯಾಯಾಲಯಕ್ಕೆ ಒಪ್ಪಿಸಿದ ದಿನದಿಂದ 60 ದಿನಗಳೊಳಗೆ ಆರೋಪಿ ಅರ್ಜಿ ಹಾಕಬೇಕು, 262ರಡಿ ದಾಖಲೆಗಳ ನಕಲು ಕೊಟ್ಟ ದಿನದಿಂದ 60 ದಿನ. ಆರೋಪದ ಮೇಲಿನ ಮೊದಲ ವಿಚಾರಣೆಯಿಂದ 60 ದಿನಗಳೊಳಗೆ ನ್ಯಾಯಾಲಯವೂ ಆರೋಪ ನಿಗದಿ ಮಾಡಬೇಕು. ಅಟ್ರಾಸಿಟಿ ಕಾಯ್ದೆಯ 14ನೇ ಕಲಮಂತೂ ಸಾಧ್ಯವಾದ ಮಟ್ಟಿಗೆ ಚಾರ್ಜ್‌ಶೀಟಿನಿಂದ ಎರಡು ತಿಂಗಳಲ್ಲಿ ವಿಚಾರಣೆಯೇ ಮುಗಿಯಬೇಕು ಎನ್ನುತ್ತದೆ. ಇಲ್ಲೊಂದು ತೊಡಕಿದೆ. ವಿಶೇಷ ನ್ಯಾಯಾಲಯ ಕೇಸನ್ನು ನೇರವಾಗಿ ಕೈಗೆತ್ತಿಕೊಳ್ಳಬಹುದು, ಆಗ ಒಪ್ಪಿಸುವ ಹಂತವೇ ಇರುವುದಿಲ್ಲ, 60 ದಿನಗಳ ಎಣಿಕೆ ಎಲ್ಲಿಂದ ಎಂಬ ಪ್ರಶ್ನೆ ಏಳುತ್ತದೆ. ಈ ಜಿಜ್ಞಾಸೆಯ ಮೇಲೆ ಅದೃಷ್ಟ ಪರೀಕ್ಷಿಸಬೇಡಿ. ನಕಲು ಕೈಗೆ ಬಂದ ದಿನದಿಂದಲೇ ಎಣಿಸಿ ಅರ್ಜಿ ಹಾಕಿ. ಗಡುವು ಮೀರಿದರೂ, ಸಾಕಷ್ಟು ಆಧಾರವಿಲ್ಲವೆಂದು ಕಂಡರೆ ಆರೋಪಿಯನ್ನು ಬಿಡುವ ಕರ್ತವ್ಯ ನ್ಯಾಯಾಧೀಶರಿಗಿದೆ, ಆರೋಪ ನಿಗದಿಯ ವಾದದಲ್ಲೇ ಅದನ್ನು ನೆನಪಿಸಬಹುದು.

ಆದೇಶ ಬಂದ ಮೇಲೆ ಏನು? ಆರೋಪಮುಕ್ತಿ ಖುಲಾಸೆಯಲ್ಲ. ಹೊಸ ಸಾಕ್ಷ್ಯ ಸಿಕ್ಕರೆ ಅದೇ ವ್ಯಕ್ತಿಯ ಮೇಲೆ ಮತ್ತೆ ಕ್ರಮ ಜರುಗಿಸಬಹುದು. ಬಹಳ ಸಲ ಸಿಗುವುದು ಅರ್ಧ ಬಿಡುಗಡೆ: ಅಟ್ರಾಸಿಟಿ ಕಲಮು ಬಿದ್ದು, ಹೊಡೆತ, ಬೆದರಿಕೆಯ ಕಲಮುಗಳು ಉಳಿದು, ಕೇಸು ಮ್ಯಾಜಿಸ್ಟ್ರೇಟರಲ್ಲಿಗೆ ಹೋಗುತ್ತದೆ. ವಿಶೇಷ ನ್ಯಾಯಾಲಯದ ಆದೇಶ ಒಪ್ಪಿಗೆಯಾಗದವರು, ಆರೋಪಿಯಿರಲಿ ಸಂತ್ರಸ್ತರಿರಲಿ, ಅಟ್ರಾಸಿಟಿ ಕಾಯ್ದೆಯ 14ಎ ಕಲಮಿನಡಿ 90 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬೇಕು. ಪುಣೆಯ ಕೇಸುಗಳು ಮುಂಬೈಗೆ ಹೋಗುತ್ತವೆ. 2025ರ ಆಗಸ್ಟ್ 18ರಿಂದ ಕೆಲಸ ಆರಂಭಿಸಿದ ಕೊಲ್ಹಾಪುರದ ಸಂಚಾರಿ ಪೀಠಕ್ಕೆ ಕೊಲ್ಹಾಪುರ, ಸಾಂಗಲಿ, ಸೊಲ್ಲಾಪುರ, ಸಾತಾರಾ, ರತ್ನಾಗಿರಿ, ಸಿಂಧುದುರ್ಗ ಜಿಲ್ಲೆಗಳು ಸೇರಿವೆ. ಜತ್ತ, ಅಕ್ಕಲಕೋಟೆಯ ಕನ್ನಡಿಗರಿಗೆ ಇದರಿಂದ ಮುಂಬೈ ದಾರಿ ತಪ್ಪಿದೆ. ನೇರವಾಗಿ ಹೈಕೋರ್ಟಿಗೇ ಹೋಗಿ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಮಿನಡಿ ಕೇಸು ರದ್ದು ಕೇಳಬಾರದೇಕೆ ಎಂದು ಕೇಳುವವರಿದ್ದಾರೆ. ದೂರನ್ನು ಓದಿದೊಡನೆ ಕೊರತೆ ಕಣ್ಣಿಗೆ ರಾಚುವಂತಿದ್ದರೆ ಅದೂ ದಾರಿಯೇ. ಸಾಕ್ಷಿ ಹೇಳಿಕೆಗಳನ್ನು ಹೋಲಿಸಿ ನೋಡಬೇಕಾದ ಕೇಸಿಗೆ ಅವನ್ನೆಲ್ಲ ಎದುರಿಗಿಟ್ಟುಕೊಂಡ ವಿಶೇಷ ನ್ಯಾಯಾಲಯವೇ ಸೂಕ್ತ, ಖರ್ಚೂ ಕಡಿಮೆ. ರಾಜಿಯಾಗಿದೆ ಎಂಬ ಕಾರಣಕ್ಕೆ ಆರೋಪಮುಕ್ತಿ ಸಿಗದು. 2021ರ ರಾಮಾವತಾರ್ ತೀರ್ಪಿನಂತೆ ಅಂಥ ರದ್ದತಿ ಉನ್ನತ ನ್ಯಾಯಾಲಯದ ಅಧಿಕಾರ, ಅಲ್ಲಿಯೂ ರಾಜಿ ಒತ್ತಾಯದ್ದಲ್ಲ ಎಂಬುದು ಖಾತ್ರಿಯಾಗಬೇಕು.

ಕಾಗದದಲ್ಲಿ ಎಲ್ಲ ಅಂಶಗಳೂ ಇದ್ದರೆ ಅರ್ಜಿ ಹಾಕದಿರುವುದೇ ಜಾಣತನ, ವಕೀಲರು ಅದನ್ನು ಕಕ್ಷಿದಾರರಿಗೆ ನೇರವಾಗಿ ಹೇಳಬೇಕು. ಸೋತ ಅರ್ಜಿ ನಿಮ್ಮ ರಕ್ಷಣೆಯ ವಾದವನ್ನು ಮೊದಲೇ ಬಿಟ್ಟುಕೊಡುತ್ತದೆ. ಅದು ಇತ್ಯರ್ಥವಾಗುವಷ್ಟರಲ್ಲಿ ಕಾಲ ಕಳೆದು ಸಾಕ್ಷಿಗಳು ಊರು ಬಿಡುತ್ತಾರೆ, ಹೆದರುತ್ತಾರೆ, ಮರೆಯುತ್ತಾರೆ. ಆ ವಿಳಂಬದ ಬೆಲೆ ತೆರುವವರು ಹೆಚ್ಚಾಗಿ ದುರ್ಬಲರೇ. ಗಂಗಾವತಿ ತಾಲ್ಲೂಕಿನ ಮರಕುಂಬಿಯಲ್ಲಿ 2014ರ ಆಗಸ್ಟಿನಲ್ಲಿ ದಲಿತರ ಮನೆಗಳಿಗೆ ಬೆಂಕಿ ಬಿತ್ತು. ಕೊಪ್ಪಳದ ನ್ಯಾಯಾಲಯ ಶಿಕ್ಷೆ ವಿಧಿಸಿದ್ದು 2024ರ ಅಕ್ಟೋಬರಿನಲ್ಲಿ, ಹತ್ತು ವರ್ಷದ ನಂತರ. 98 ಮಂದಿಗೆ ಜೀವಾವಧಿ ಶಿಕ್ಷೆಯಾಯಿತು. ತಾವೇ ಪರಿಶಿಷ್ಟ ಜಾತಿ, ಪಂಗಡಕ್ಕೆ ಸೇರಿದ್ದ ಮೂವರಿಗೆ ಅಟ್ರಾಸಿಟಿ ಕಾಯ್ದೆ ಅನ್ವಯಿಸದೆ ಐದು ವರ್ಷದ ಶಿಕ್ಷೆಯಾಯಿತು. 

ಚಾರ್ಜ್‌ಶೀಟಿನ ನಕಲು ನಿಮ್ಮ ಕೈಸೇರಿದ್ದರೆ ಆ ವಾರವೇ ವಕೀಲರ ಬಳಿ ಹೋಗಿ. ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಮಹಿಳೆಯರಿಗೆ, ಬಂಧನದಲ್ಲಿರುವ ಆರೋಪಿಗಳಿಗೆ 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ ಆದಾಯ ನೋಡದೆ ಉಚಿತ ವಕೀಲರು ಸಿಗುತ್ತಾರೆ. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಅರ್ಜಿ ಕೊಡಿ, ಇಲ್ಲವೇ 15100ಕ್ಕೆ ಕರೆ ಮಾಡಿ. ದೌರ್ಜನ್ಯಕ್ಕೆ ಒಳಗಾದವರು ದೂರು ದಾಖಲಾಗದಿದ್ದರೆ ಅಥವಾ ಕಲಾಪದ ಸೂಚನೆ ಬಾರದಿದ್ದರೆ 14566ಕ್ಕೆ ಕರೆ ಮಾಡಬಹುದು.